ಅಜ್ಜಿ ಕೇಳಿದ ಕಡಲೆಹುಳಿ

ನಾನು ಚಿಕ್ಕವನಿದ್ದಾಗ ನಮ್ಮ ಮನೆಯಲ್ಲಿ ಯಾರೂ ಉಡದ ಒಂದು ಬಿಳಿ ಪಂಚೆ ಇತ್ತು. ಅದು ಕಡಲೆ ಹೊಲಕ್ಕೆಂದೇ ಇಟ್ಟ ಪಂಚೆ. ಅಜ್ಜಂಪುರದ ಕಡೆ ನಮ್ಮದು ಎರೆ ಭೂಮಿ, ಕಪ್ಪು ಮಣ್ಣು. ಮಳೆಗಾಲ ಮುಗಿದ ಮೇಲೆ ಕಡಲೆ ಬಿತ್ತಿದರೆ ಮತ್ತೆ ಅದಕ್ಕೆ ನೀರು ಕೊಡುತ್ತಿರಲಿಲ್ಲ. ಮಣ್ಣಿನೊಳಗಿನ ತೇವ, ಮೇಲಿನಿಂದ ಇಬ್ಬನಿ, ಇಷ್ಟರಲ್ಲೇ ಗಿಡ ಬೆಳೆಯುತ್ತಿತ್ತು. ಹೂ ಬಿಡುವ ಹೊತ್ತಿಗೆ ಎಲೆಯ ಮೇಲೆ ಹುಳಿ ಬರುತ್ತದೆ. ಹೊಲದಲ್ಲಿ ಬರಿಗಾಲಲ್ಲಿ ನಡೆದರೆ ಮೊಣಕಾಲಿನ ಕೆಳಗೆಲ್ಲ ಉರಿ. ಎಲೆ ಮುಟ್ಟಿದ ಬೆರಳು ನೆಕ್ಕಿದರೆ ಕಿವಿಯ ಹಿಂದೆ ಜುಮ್ಮೆನ್ನುತ್ತಿತ್ತು.

ಸಂಜೆ ಆ ಪಂಚೆಯನ್ನು ಗಿಡಗಳ ಮೇಲೆ ಹಾಸಿ ಬರುವುದು, ಬೆಳಿಗ್ಗೆ ಬಿಸಿಲೇರುವ ಮೊದಲೇ ಹೋಗಿ ಹಿಂಡುವುದು ನಮ್ಮ ಕಡೆಯ ಪದ್ಧತಿ. ಇಬ್ಬನಿ ಎಲೆಯ ಹುಳಿಯನ್ನು ಕರಗಿಸಿಕೊಂಡು ಬಟ್ಟೆಗೆ ಇಳಿದಿರುತ್ತದೆ. ಅದೇ ಕಡಲೆಹುಳಿ. ಹಿತ್ತಾಳೆ ಪಾತ್ರೆಗೆ ಹಿಂಡಿದರೆ ಕೆಡುತ್ತದೆ, ಪಿಂಗಾಣಿ ಜಾಡಿಯೇ ಬೇಕು. ಊರಲ್ಲಿ ಯಾರಿಗೆ ಹೊಟ್ಟೆ ಕೆಟ್ಟರೂ, ಬಾಯಿರುಚಿ ಹೋದರೂ ನಮ್ಮ ಅಜ್ಜಿಯ ಜಾಡಿಯನ್ನು ಹುಡುಕಿಕೊಂಡು ಬರುತ್ತಿದ್ದರು.

ಆ ವರ್ಷ ಅಜ್ಜಿಯೇ ಹಾಸಿಗೆ ಹಿಡಿದಳು. ಬೀರೂರಿನ ಡಾಕ್ಟರು ನೋಡಿ, "ಮನೆಗೆ ಕರೆದುಕೊಂಡು ಹೋಗಿ, ಕೇಳಿದ್ದನ್ನು ಕೊಡಿ" ಎಂದರು. ಆ ಮಾತಿನ ಅರ್ಥ ನನಗೆ ಆಗ ತಿಳಿಯಲಿಲ್ಲ. ಅಜ್ಜಿಗೆ ಗಂಜಿ ಸೇರುತ್ತಿರಲಿಲ್ಲ, ಮಣ್ಣಿದ್ದ ಹಾಗಿದೆ ಎನ್ನುತ್ತಿದ್ದಳು. ಬೆಲ್ಲ ಕೊಟ್ಟರೆ ಅದೂ ಮಣ್ಣು. ಅವಳು ಕೇಳಿದ್ದು ಒಂದು ಚಮಚ ಕಡಲೆಹುಳಿ. ಅದು ನಾಲಿಗೆಗೆ ಬಿದ್ದರೆ ಎಲ್ಲ ರುಚಿಯೂ ವಾಪಸ್ ಬರುತ್ತದೆ ಎಂದು ನಂಬಿದ್ದಳು.

"ಹೋದ್ವರ್ಷದ್ದು ತಳದಾಗೆ ಒಂಚೂರು ಇತ್ತಲ್ಲವ್ವಾ?" ಎಂದು ಅಪ್ಪ ಕೇಳಿದ.

"ಪಕ್ಕದ್ಮನೆ ಹುಡ್ಗ ಒಬ್ಬಟ್ಟು ಜಾಸ್ತಿ ತಿಂದು ಒದ್ದಾಡ್ತಿದ್ದ, ಅವನ್ಗೆ ಕುಡಿಸ್ಬಿಟ್ಟೆ ಕಣೋ. ನಾನು ಸಾಯ್ತೀನಿ ಅಂತ ಅವನ್ಗೇನು ಗೊತ್ತಿತ್ತು."

"ಸಾಯೋ ಮಾತು ಬಿಡವ್ವ."

"ನೀನು ಹುಳಿ ತಾ, ನಾನು ಮಾತು ಬಿಡ್ತೀನಿ."

ಊರಿನ ಬೇರೆ ಹೊಲಗಳಲ್ಲಿ ಕಡಲೆ ಬಲಿತು ಕಿತ್ತಾಗಿತ್ತು. ತಡವಾಗಿ ಬಿತ್ತಿದ್ದರಿಂದ ಹಸಿ ಗಿಡ ಉಳಿದಿದ್ದದ್ದು ಬಾವಿ ಪಕ್ಕದ ನಮ್ಮ ತುಂಡು ಹೊಲದಲ್ಲಿ ಮಾತ್ರ. ಸರಿಯಾಗಿ ಆಗಲೇ ಮೋಡ ಮುಚ್ಚಿಕೊಂಡಿತು. ಮದ್ರಾಸ್ ಕಡೆ ಸಮುದ್ರದಲ್ಲಿ ಗಾಳಿ ಎದ್ದರೆ ನಮ್ಮಲ್ಲಿಗೆ ಎಷ್ಟೋ ಸಲ ಮಳೆ ಬರುವುದಿಲ್ಲ, ಮೋಡ ಮಾತ್ರ ಬಂದು ಕೂತುಬಿಡುತ್ತದೆ. ಹಗಲು ಬೂದಿ ಬಣ್ಣ. ರಾತ್ರಿ ಕಂಬಳಿ ಬೇಡದಷ್ಟು ಬೆಚ್ಚಗೆ.

ದಿನಾ ಬೆಳಿಗ್ಗೆ ಅಕ್ಕ, ನಾನು ಹೋಗುತ್ತಿದ್ದೆವು. ಪಂಚೆ ಹಾಸಿದ ಹಾಗೇ ಒಣಗಿಕೊಂಡು ಇರುತ್ತಿತ್ತು. ಒಂದಿಷ್ಟಾದರೂ ತೇವ ಇದೆಯೇನೋ ಎಂದು ಅಕ್ಕ ಅದನ್ನು ಕೆನ್ನೆಗೆ ಒತ್ತಿ ನೋಡುತ್ತಿದ್ದಳು. ನಾವು ಹೊಸಿಲು ದಾಟುವ ಸದ್ದಿಗೆ ಅಜ್ಜಿ ಒಳಗಿನಿಂದ "ತಂದ್ರಾ?" ಎನ್ನುತ್ತಿದ್ದಳು. ಒಂದು ದಿನ ಅಕ್ಕ ಇಲ್ಲ ಎನ್ನಲಾರದೆ ಹುಣಸೆಹಣ್ಣು ಕಿವುಚಿದ ನೀರು ಕೊಟ್ಟಳು. ಅಜ್ಜಿ ಬಾಯಲ್ಲಿ ಇಟ್ಟುಕೊಂಡು, "ಹುಣ್ಸೆ ಕಣೇ ಇದು. ಸಾಯೋರ್ಗೂ ಮೋಸ ಮಾಡ್ತೀಯೇನೇ?" ಎಂದು ಸಣ್ಣಗೆ ನಕ್ಕಳು. ಅಕ್ಕ ಹಿತ್ತಲಿಗೆ ಹೋಗಿ ಬಹಳ ಹೊತ್ತು ಒಳಗೆ ಬರಲಿಲ್ಲ.

ಮರುದಿನ ಅಜ್ಜಿಯ ಮಾತು ಕಡಿಮೆಯಾಯಿತು. ಅಪ್ಪ ಎದ್ದು ಕೊಡ ತೆಗೆದುಕೊಂಡು ಹೊಲಕ್ಕೆ ಹೊರಟ. ನಾವೂ ಹಿಂದೆ ಓಡಿದೆವು.

"ಇಬ್ಬನಿ ಅಂದ್ರೆ ನೀರು ತಾನೇ. ಮೇಲಿಂದ ಬೀಳ್ದಿದ್ರೆ ನಾವೇ ಹಾಕಿದ್ರಾಯ್ತು," ಎಂದು ಬಾವಿಗೆ ಹಗ್ಗ ಬಿಟ್ಟ.

"ಬ್ಯಾಡಪ್ಪ, ಇರೋ ಹುಳೀನೂ ತೊಳ್ದು ಹೋಗ್ತದೆ. ಇನ್ನೊಂದಿನ ಕಾಯಾನ," ಎಂದಳು ಅಕ್ಕ.

"ಕಾಯಾಕೆ ಅವ್ಳು ಇರ್ಬೇಕಲ್ಲೇ."

ಕೊಡದ ಮೇಲೆ ಕೊಡ ತಂದು ಗಿಡಗಳ ಮೇಲೆ ಸುರಿದ. ದಾರಿಯಲ್ಲಿ ಹೋಗುತ್ತಿದ್ದ ನೆರೆಹೊಲದವನು ನಿಂತು, "ಏನ್ಲಾ, ಹೂ ಬಿಟ್ಟ ಕಡ್ಲೆಗೆ ನೀರು ಹುಯ್ತೀಯಾ? ತಲೆ ನೆಟ್ಟಗಿದ್ಯಾ?" ಎಂದ. ಅಪ್ಪ ಮತ್ತೊಂದು ಕೊಡ ಸುರಿದ. ಹೊಲ ಪೂರ್ತಿ ತೊಯ್ದ ಮೇಲೆ ಪಂಚೆ ಒತ್ತಿ ಹಿಂಡಿದರೆ ಬಂದದ್ದು ಕೆಸರು ನೀರು. ಅಪ್ಪ ನೆಕ್ಕಿ ಉಗಿದ. ಅಕ್ಕ ಪಂಚೆಯನ್ನು ಜಾಲಿಸಿ, ದಿನದ ರೂಢಿಯಂತೆ ಮತ್ತೆ ಗಿಡಗಳ ಮೇಲೆ ಹಾಸಿದಳು.

ಬೆಳಗಿನ ಜಾವ ಚಳಿಗೆ ನನಗೆ ಎಚ್ಚರವಾಯಿತು. ದೂರದ ರೈಲಿನ ಕೂಗು ಹಿತ್ತಲಲ್ಲೇ ಕೂಗಿದ ಹಾಗೆ ಕೇಳಿಸಿತು. ಹೊರಗೆ ಬಂದರೆ ಮೋಡ ಇಲ್ಲ, ಆಕಾಶದ ತುಂಬ ಚುಕ್ಕಿ. ಮೂವರೂ ಓಡಿದೆವು. ಗಿಡಗಳೆಲ್ಲ ಬೆಳ್ಳಗೆ, ಬದುವಿನ ಜೇಡರ ಬಲೆಯ ಮೇಲೂ ಹನಿ. ಪಂಚೆ ಎಷ್ಟು ನೆನೆದಿತ್ತೆಂದರೆ ಅಕ್ಕನೊಬ್ಬಳಿಗೆ ಎತ್ತಲಾಗಲಿಲ್ಲ. ಅವಳೊಂದು ಕಡೆ, ಅಪ್ಪ ಒಂದು ಕಡೆ ಹಿಡಿದು ಹಿಂಡಿದರು. ಜಾಡಿ ಕತ್ತಿನವರೆಗೆ ತುಂಬಿತು. ನಾನು ಬೆರಳು ಅದ್ದಿ ನೆಕ್ಕಿದೆ. ಬರೀ ನೀರು. ಅಕ್ಕ ನೆಕ್ಕಿದಳು, ಅಪ್ಪನ ಮುಖ ನೋಡಲಿಲ್ಲ.

ಆದರೂ ಅಪ್ಪ ಒಂದು ಚಮಚ ಕುಡಿಸಿದ. ಅಜ್ಜಿ ಬಹಳ ಹೊತ್ತು ನಾಲಿಗೆ ಆಡಿಸಿ, "ಹುಳಿ ಇಲ್ಲ ಕಣೋ. ಇರ್ಲಿ ಬಿಡು, ತಣ್ಣಗೈತೆ," ಎಂದಳು. ಆ ಸಂಜೆ ಹೋಗಿಬಿಟ್ಟಳು. ಕೆಲವು ದಿನ ಬಿಟ್ಟು ನಾನು ಹೊಲಕ್ಕೆ ಹೋದಾಗ ಎಲೆಯ ಹುಳಿ ಮತ್ತೆ ಬಂದಿತ್ತು, ಕಾಲೆಲ್ಲ ಉರಿಯಿತು. ಮನೆಗೆ ಬಂದು ಅದನ್ನು ಯಾರಿಗೂ ಹೇಳಲಿಲ್ಲ.

ಮಕ್ಕಳೇ, ನಾನು ಶಾಲೆ ಮುಗಿಸಿದ್ದು ತಡವಾಗಿ, ನಿಮ್ಮಪ್ಪ ಹುಟ್ಟಿದ ಮೇಲೆ, ತರೀಕೆರೆಯಲ್ಲಿ ಸಂಜೆ ಪಾಠಕ್ಕೆ ಹೋಗಿ. ಅಲ್ಲಿ ವಿಜ್ಞಾನದ ಮೇಷ್ಟ್ರು ಇಬ್ಬನಿಯ ಪಾಠ ಮಾಡಿದರು. ಹಗಲು ಸೂರ್ಯ ಕೊಟ್ಟ ಬಿಸಿಯನ್ನು ನೆಲ ರಾತ್ರಿ ಆಕಾಶಕ್ಕೆ ಬಿಡುತ್ತದೆ. ಆಕಾಶ ತೆರೆದಿದ್ದರೆ ಆ ಬಿಸಿ ಹೊರಟು ಹೋಗುತ್ತದೆ, ಎಲೆ ತಣ್ಣಗಾಗುತ್ತದೆ, ಗಾಳಿಯಲ್ಲಿರುವ ಆವಿ ಅದರ ಮೇಲೆ ಹನಿಯಾಗುತ್ತದೆ. ಮೋಡ ಇದ್ದರೆ ಅದು ಬಿಸಿಯನ್ನು ತಡೆದು ನೆಲಕ್ಕೇ ವಾಪಸ್ ಕಳಿಸುತ್ತದೆ. ನಾವು ಕಂಬಳಿ ಇಲ್ಲದೆ ಸುಖವಾಗಿ ಮಲಗಿದ್ದ ಆ ಬೆಚ್ಚಗಿನ ರಾತ್ರಿಗಳೇ ಅಜ್ಜಿಗೆ ಹುಳಿ ತಪ್ಪಿಸಿದ್ದವು.

ಈಗ ಈ ಕಡೂರಿನ ಮನೆಯಲ್ಲಿ ನೀವು ಸಂಕ್ರಾಂತಿಯಲ್ಲೂ ಫ್ಯಾನ್ ಹಾಕಿಕೊಂಡು ಮಲಗುತ್ತೀರಿ. ಲಾರಿ, ಕಾರ್ಖಾನೆ, ಕಲ್ಲಿದ್ದಲಿನ ಹೊಗೆಯಲ್ಲಿ ಕಣ್ಣಿಗೆ ಕಾಣದ ಅನಿಲವೊಂದಿದೆ, ಅದೂ ನೆಲದ ಬಿಸಿಯನ್ನು ಹೋಗಗೊಡುವುದಿಲ್ಲ ಎಂದು ನಿಮ್ಮ ಪುಸ್ತಕದಲ್ಲೇ ಇದೆ. ಅಲ್ಲಿನ ಚಿತ್ರದಲ್ಲಿ ಬಿಸಿಯನ್ನು ತೋರಿಸುವ ಬಾಣಗಳಿಗೆ ನೀವು ಕೆಂಪು ಬಣ್ಣ ತುಂಬಿದ್ದನ್ನು ನೋಡಿದೆ. ಚೆನ್ನಾಗಿ ತುಂಬಿದ್ದೀರಿ, ಗೆರೆ ದಾಟಿಲ್ಲ. ನಮ್ಮಪ್ಪನಿಗೆ ಮೋಡ ಕಾಣುತ್ತಿತ್ತು, ತಲೆಯೆತ್ತಿ ಅದನ್ನು ಬೈಯುತ್ತಿದ್ದ. ನಿಮ್ಮ ಆಕಾಶದಲ್ಲಿ ಬೈಯುವುದಕ್ಕೆ ಏನೂ ಕಾಣುವುದಿಲ್ಲ.

ಅಪ್ಪ ಇನ್ನೊಂದು ದಿನ ಕಾಯಬೇಕಿತ್ತು ಎಂದು ಅಕ್ಕ ಬದುಕಿರುವವರೆಗೂ ಹೇಳುತ್ತಿದ್ದಳು. ನಿಜ, ಆ ಮೋಡ ಕಾದರೆ ಹೋಗುವ ಮೋಡವಾಗಿತ್ತು. ನಿಮ್ಮ ಮೇಲಿರುವ ಆ ಅನಿಲ ನೀವು ನನ್ನಷ್ಟು ಮುದುಕರಾದರೂ ಅಲ್ಲೇ ಇರುತ್ತದೆ ಎನ್ನುತ್ತಾರೆ ಓದಿದವರು. ಕಾಯಿರಿ ಎಂದು ನಿಮಗೆ ಹೇಳಲು ನನಗೆ ಬಾಯಿ ಬರುವುದಿಲ್ಲ.