ಜೋಗುಳಕ್ಕೆ ವನ್ಸ್ ಮೋರ್

ನನ್ನ ಚಿಕ್ಕಮ್ಮ ಕಂಪನಿ ನಾಟಕಗಳಲ್ಲಿ ಹಾಡಿ ನಟಿಸಿದವರು. ನಡುವೆ ಕೆಲವು ಸಿನಿಮಾಗಳಲ್ಲಿಯೂ. ಎಪ್ಪತ್ತರ ದಶಕದ ಆರಂಭದಲ್ಲಿ ಅವರೇ ನಾಯಕಿ. ಹಾಡು ಮುಗಿದೊಡನೆ ಜನ 'ವನ್ಸ್ ಮೋರ್' ಎಂದು ಕೂಗಿದರೆ, ಸತ್ತುಬಿದ್ದ ಪಾತ್ರವೂ ಎದ್ದು ಮತ್ತೊಮ್ಮೆ ಹಾಡಬೇಕಿತ್ತು. ಮೊದಲ ಕೂಗು ಅನೇಕ ಸಲ ಕಂಪನಿಯ ಆಳಿನದೇ. ಟಿಕೇಟು ಹರಿಯುವ ಗೇಟಿನವನು ಹಾಡಿನ ಹೊತ್ತಿಗೆ ಒಳಗೆ ಬಂದು ಹಿಂದೆ ನಿಂತು ಕೂಗುತ್ತಿದ್ದ.

ಎಂಬತ್ತರ ದಶಕದಲ್ಲಿ, ನಾನು ಉಡುಪಿಯಲ್ಲಿ ವರದಿಗಾರನಾಗಿದ್ದಾಗ, ಕಂಪನಿ ಕಾರ್ಕಳದಲ್ಲಿ ಡೇರೆ ಹಾಕಿತು. ಆಗ ಚಿಕ್ಕಮ್ಮನಿಗೆ ತಾಯಿಯ ಪಾತ್ರ. ತಾಯಂದಿರಿಗೆ ಹಾಡು ಕೊಡುತ್ತಿರಲಿಲ್ಲ. ಚಿಕ್ಕಮ್ಮನಿಗೆ ಉಳಿದದ್ದು ಒಂದೇ ಜೋಗುಳ. ಹಿಂದಿನ ಕ್ಯಾಂಪು ಹಾಕಿದ್ದ ಕಾಪು ಊರಿನಲ್ಲಿ, ಗೇಟಿನವನು ಕೂಗಿದರೂ ಜನರಿಂದ ಅದಕ್ಕೆ ಒಮ್ಮೆಯೂ ವನ್ಸ್ ಮೋರ್ ಬಂದಿರಲಿಲ್ಲ. ನಾನು ನೋಡಲು ಹೋದ ಸಂಜೆ, ಚಿಕ್ಕಮ್ಮ ವೇಷ ಹಾಕಿಕೊಳ್ಳುತ್ತಿದ್ದ ಬಣ್ಣದ ಕೋಣೆಗೆ ಕಂಪನಿಯ ಮಾಲೀಕರು ಬಂದರು.

"ಇವತ್ತೂ ಬರದಿದ್ದರೆ ಹಾಡು ತೆಗೆದುಬಿಡುವಾ, ಅಕ್ಕ. ಆ ಜಾಗಕ್ಕೆ ಹಾಸ್ಯ ಹಾಕಿದರೆ ಜನ ನಗ್ತಾರೆ."

"ಹಾಸ್ಯ ಈಗಲೇ ಉಂಟಲ್ವಾ, ನಿಮ್ಮ ಮಾತಿನಲ್ಲಿ!" ಎಂದರು ಚಿಕ್ಕಮ್ಮ.

ಮಾಲೀಕರು ಹೋದ ಮೇಲೆ ಚಿಕ್ಕಮ್ಮ ಗೇಟಿನವನನ್ನು ಕರೆಸಿದರು. "ನೀನು ಕೂಗಬಾರದು. ಜನ ಕೇಳಿದರೆ ಕೇಳಲಿ, ಇಲ್ಲದಿದ್ದರೆ ಬಿಡಲಿ."

ಅವನು ತಲೆಯಾಡಿಸಿದ.

ನಾನು ಚಾಪೆಯ ಸಾಲುಗಳಲ್ಲಿ ಕುಳಿತೆ. ರಂಗದ ಮೇಲೆ ತೊಟ್ಟಿಲು, ಒಳಗೆ ಮಗುವಿನ ಬದಲು ಹಳೆಯ ಸೀರೆಯ ಗಂಟು. ಹಾರ್ಮೋನಿಯಂ ಶ್ರುತಿ ಹಿಂದಿಗಿಂತ ತಗ್ಗಿತ್ತು. ಚಿಕ್ಕಮ್ಮ ಧ್ವನಿಯನ್ನು ಎಲ್ಲಿಯೂ ಎಳೆಯಲಿಲ್ಲ. ಕೊನೆಯ ಸಾಲನ್ನು ಬಹುತೇಕ ಉಸಿರಿನಲ್ಲೇ ಹೇಳಿ ನಿಲ್ಲಿಸಿದರು. ಚಪ್ಪಾಳೆ ಬರಲಿಲ್ಲ. ಪರದೆಯ ಪಕ್ಕದಲ್ಲಿ ಮಾಲೀಕರ ಮುಖ ಕಂಡಿತು.

ಹಿಂದಿನಿಂದ ಗೇಟಿನವನ ದನಿ ಕೇಳಿಸಿತು: "ವನ್ಸ್—"

ನನ್ನ ಮುಂದಿದ್ದ ಅಜ್ಜಿ ಗರ್ರನೆ ತಿರುಗಿದರು. "ಎಂತ ಬೊಬ್ಬೆ ಮಾರಾಯ ನಿನ್ನದು? ಮಗು ಈಗಷ್ಟೇ ಮಲಗಿದ್ದು!"

ಯಾರೂ ನಗಲಿಲ್ಲ. ಹತ್ತಿರದ ಹೆಂಗಸೊಬ್ಬಳು ತನ್ನ ಮಗನ ಬಾಯಿಗೆ ಕೈ ಅಡ್ಡ ಹಿಡಿದಳು. ಚಿಕ್ಕಮ್ಮ ತಲೆ ಎತ್ತಲಿಲ್ಲ. ತೊಟ್ಟಿಲನ್ನು ಇನ್ನಷ್ಟು ಹೊತ್ತು, ಸದ್ದಾಗದಂತೆ ತೂಗಿದರು.

ಆಟ ಮುಗಿದ ಮೇಲೆ ಗೇಟಿನವನು ಬಾಗಿಲಲ್ಲಿ ನಿಂತಿದ್ದ. "ತಡೆಯಲಿಕ್ಕೆ ಆಗಲಿಲ್ಲ ಅಕ್ಕ."

"ಬೈಸಿಕೊಂಡೆಯಲ್ಲ, ಸಾಕು," ಎಂದು ಚಿಕ್ಕಮ್ಮ ನಕ್ಕರು.

ಮಾಲೀಕರು ಹಾಸ್ಯದ ಮಾತು ಮತ್ತೆ ಎತ್ತಲಿಲ್ಲ. ಮರುದಿನದಿಂದ ಜೋಗುಳ ಮುಗಿಯುವವರೆಗೆ ಗೇಟಿನವನು ಡೇರೆಯ ಹೊರಗೇ ಇರಬೇಕೆಂದು ಅವರೇ ಅಪ್ಪಣೆ ಮಾಡಿದರು.