‘ಸಾಕು’ ಅಂದರೆ ಇನ್ನೊಂದು ರೊಟ್ಟಿ

ಅವನ ಎರಡೂ ಕಾಲಿನ ಹೆಬ್ಬೆರಳಿಗೆ ಉಗುರಿರಲಿಲ್ಲ. ಡೆಟ್ರಾಯಿಟ್ ಹತ್ತಿರದ ಪ್ಲಿಮತ್ತಿನ ನಮ್ಮ ಮನೆಯ ಬಾಗಿಲಲ್ಲಿ, ನಾನು ಹೇಳುವ ಮೊದಲೇ ಬೂಟು, ಕಾಲುಚೀಲ ಬಿಚ್ಚಿ ನಿಂತಾಗ ಮೊದಲು ಕಂಡದ್ದು ಅದೇ. “ಏನಪಾ ಇದು?” ಎಂದು ಗಾಬರಿಯಲ್ಲಿ ಕನ್ನಡದಲ್ಲೇ ಕೇಳಿಬಿಟ್ಟೆ. ನನ್ನ ಕಣ್ಣು ಎಲ್ಲಿದೆಯೆಂದು ನೋಡಿ ಅರ್ಥ ಮಾಡಿಕೊಂಡ. “ಚೆಂಡು ಒದೆಯುವವನ ಉಗುರು, ಬರುತ್ತವೆ, ಹೋಗುತ್ತವೆ,” ಎಂದು ಇಂಗ್ಲಿಷಿನಲ್ಲಿ ಹೇಳಿ ನಕ್ಕ.

ಡಚ್ ಹುಡುಗ, ಇಪ್ಪತ್ತೊಂದರ ಪ್ರಾಯ. ಚಿಕ್ಕಂದಿನಲ್ಲೇ ತನ್ನ ದೇಶದ ದೊಡ್ಡ ಕ್ಲಬ್ಬೊಂದರ ಫುಟ್‌ಬಾಲ್ ಶಾಲೆ ಸೇರಿದ್ದವನು. ಮೀಸೆ ಬರುವ ಹೊತ್ತಿಗೆ “ನೀನು ಗಿಡ್ಡ, ನಿನ್ನ ಓಟ ಸಾಲದು” ಎಂದು ಹೊರಗೆ ಹಾಕಿದ್ದರು. ಡೆಟ್ರಾಯಿಟ್ ಕಡೆಯ ಸಣ್ಣ ವೃತ್ತಿಪರ ಕ್ಲಬ್ಬೊಂದು ಎರಡು ವರ್ಷದ ಕಾಂಟ್ರಾಕ್ಟ್ ಕೊಟ್ಟು ಕರೆಸಿಕೊಂಡಿತ್ತು. ಇಂಥ ಕ್ಲಬ್ಬುಗಳು ಆಟಗಾರರನ್ನು ಊರಿನ ಸಂಸಾರಗಳ ಜೊತೆ ಇರಿಸುತ್ತವೆ. ಮಗಳು ಕಾಲೇಜಿಗೆ ಹೋಗಿ ಅವಳ ಕೋಣೆ ಖಾಲಿಯಿತ್ತು. ನಾನು ಹೂಂ ಅಂದೆ. ನಮ್ಮ ಮಂದಿ ಮೂಗು ಮುರಿದರು. ಮುರಿಯಲಿ, ಮೂಗು ಅವರದು, ಮನೆ ನನ್ನದು.

ಮೊದಲ ಶನಿವಾರ ನಾಲ್ಕು ಮಂದಿಯನ್ನು ಊಟಕ್ಕೆ ಕರೆದಿದ್ದೆ. ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ. ಎಲ್ಲರೂ “ಸಾಕು, ಸಾಕ್ರೀ” ಅಂದರು. ನಾನು ಎಲ್ಲರ ತಟ್ಟೆಗೂ ಇನ್ನೊಂದು ರೊಟ್ಟಿ ಹಾಕಿದೆ. ಹುಡುಗ ಅದನ್ನೆಲ್ಲ ನೋಡುತ್ತ ಕೂತಿದ್ದ. ಕೊನೆಗೆ ತಟ್ಟೆಯನ್ನು ಎರಡೂ ಕೈಯಲ್ಲಿ ಎತ್ತಿ ನನ್ನ ಮುಂದೆ ಚಾಚಿ, ಆಸೆಯಿಂದ, “ಸಾಕು!” ಅಂದ. ಮನೆಯವರು ನೀರು ಕುಡಿಯುತ್ತಿದ್ದವರು ಕೆಮ್ಮಿಬಿಟ್ಟರು. ನಾನು ರೊಟ್ಟಿ ಹಾಕಿದೆ. ಅವನ ತಪ್ಪನ್ನು ಯಾರೂ ತಿದ್ದಲಿಲ್ಲ. ಅಷ್ಟು ಚೆಂದದ ತಪ್ಪನ್ನು ತಿದ್ದುವ ಮನಸ್ಸಾದರೂ ಹೇಗೆ ಬಂದೀತು?

ಅವನದು ಮಿಡ್‌ಫೀಲ್ಡ್, ಅಂದರೆ ಮೈದಾನದ ನಡುವಿನ ಜಾಗ. ಅದು ಪಂಕ್ತಿಯಲ್ಲಿ ಬಡಿಸುವವರ ಕೆಲಸ ಎಂದು ನಾಲ್ಕು ಪಂದ್ಯ ನೋಡಿದ ಮೇಲೆ ನನಗೆ ತಿಳಿಯಿತು. ತಾನು ಕೂರುವ ಹಾಗಿಲ್ಲ, ಯಾರ ಎಲೆ ಖಾಲಿಯಿದೆಯೆಂದು ಮೊದಲೇ ನೋಡಿಟ್ಟುಕೊಂಡಿರಬೇಕು. ಚೆಂಡು ಬರುವ ಮೊದಲು ಅವನು ಎಡಕ್ಕೊಮ್ಮೆ ಬಲಕ್ಕೊಮ್ಮೆ ಕತ್ತು ತಿರುಗಿಸುತ್ತಿದ್ದ. ಆ ಚಟ ಅಡುಗೆಮನೆಗೂ ಬಂದಿತ್ತು. ಫ್ರಿಜ್ಜಿನ ಬಾಗಿಲು ತೆಗೆಯುವಾಗಲೂ ಹಿಂದೆ ನೋಡಿಕೊಳ್ಳುತ್ತಿದ್ದ. “ಯಾರೂ ಕಸ್ಕೊಳ್ಳಂಗಿಲ್ಲ, ತಿನ್ನೋ ಮಾರಾಯ,” ಎನ್ನುತ್ತಿದ್ದೆ.

ಬೇಸಿಗೆಯ ಒಂದು ಪಂದ್ಯದಲ್ಲಿ ಅವನ ಮೊಣಕಾಲು ಹೊರಳಿತು. ಒಳಗೆ ಕಟ್ಟಿ ಹಿಡಿದಿರುವ ನಾರು ಹರಿದಿತ್ತು. ಆಪರೇಷನ್ ಆಯಿತು. ಕೆಲ ವಾರಗಳ ಮೇಲೆ ಕೋಚ್ ಮನೆಗೆ ಬಂದ. ನನ್ನ ಚಹಾ ಕುಡಿಯುತ್ತ, ನನ್ನ ಸೋಫಾದ ಮೇಲೆ ಕೂತು, “ನೀನು ಕೊಟ್ಟದ್ದು ಸಾಕು, ಯಾರೂ ನಿನ್ನನ್ನು ದೂರುವುದಿಲ್ಲ. ಕಾಂಟ್ರಾಕ್ಟ್ ಬಿಟ್ಟು ಊರಿಗೆ ಹೋಗು, ಓದಿಕೋ. ನಾಳೆ ಉತ್ತರ ಹೇಳು,” ಅಂದ. ಕೋಚ್ ಕಪ್ಪಿನಲ್ಲಿ ಅರ್ಧ ಚಹಾ ಉಳಿಸಿ ಹೋದ. ನನಗೆ ಮೈಯೆಲ್ಲ ಉರಿಯಿತು.

ಸಂಜೆ ನಮ್ಮ ಬಡಾವಣೆಯಲ್ಲೇ ಇರುವ ಮೈಸೂರಿನ ಆಂಟಿ ಬಿಸಿಬೇಳೆಬಾತ್ ತಂದರು. ವಿಷಯ ಕೇಳಿ, ಅವನ ಎದುರಿಗೇ, “ಸಾಕಿದ್ದು ಸಾಕು, ಕಳಿಸ್ಬಿಡ್ರೀ. ಅವನಿಗೇನು ಅಪ್ಪ ಅಮ್ಮ ಇಲ್ವಾ?” ಅಂದರು.

ಅವರು ಹೋದ ಮೇಲೆ ಹುಡುಗ ಕೇಳಿದ: “ಒಂದೇ ಮಾತಿನಲ್ಲಿ ಎರಡು ಸಲ ಸಾಕು ಅಂದರಲ್ಲ, ಯಾಕೆ?”

ಇನ್ನು ಮುಚ್ಚಿಡುವುದು ಸರಿಯಲ್ಲವೆನಿಸಿತು. ಮೊದಲನೆಯದಕ್ಕೆ ಮಗುವನ್ನು ಬೆಳೆಸುವುದು ಎಂದು ಅರ್ಥ, ಎರಡನೆಯದಕ್ಕೆ ‘ಇನ್ನು ಬೇಡ’ ಎಂದು ಅರ್ಥ ಎಂದೆ.

ಅವನ ಕಿವಿಗಳು ಕೆಂಪಾದವು. “ಇನ್ನು ಬೇಡ? ಹಾಗಾದರೆ ಇಷ್ಟು ದಿನ ನಾನು...”

“ಹೌದು.”

“ಬೇಡ ಅಂದವರಿಗೆಲ್ಲ ನೀವು ಬಡಿಸಿದ್ದು ಯಾಕೆ?”

“ನಮ್ಮ ಕಡೆ ಸಾಕು ಅಂದವರಿಗೆ ಇನ್ನೊಂದು ಹಾಕ್ತಾರಪ್ಪ. ಅದು ರೂಢಿ.”

ಊರುಗೋಲನ್ನು ಎತ್ತಿ ತೊಡೆಯ ಮೇಲಿಟ್ಟುಕೊಂಡ. “ಹಾಗಿದ್ದರೆ ನನ್ನ ಅರ್ಥವೇ ಸರಿ,” ಅಂದ. ನಾಳೆಯವರೆಗೂ ಕಾಯಲಿಲ್ಲ, ಅಲ್ಲೇ ಫೋನ್ ತೆಗೆದು ಕೋಚ್‌ಗೆ ಹೇಳಿದ: “ನಾನಿರುವ ಮನೆಯಲ್ಲಿ ಸಾಕು ಅಂದವರಿಗೆ ಇನ್ನೊಂದು ಬಡಿಸುತ್ತಾರೆ. ನಾನು ಹೋಗುವುದಿಲ್ಲ.” ಕೋಚ್‌ಗೆ ಏನು ಅರ್ಥವಾಯಿತೋ ದೇವರೇ ಬಲ್ಲ.

ಆ ಚಳಿಗಾಲವೆಲ್ಲ ನಮ್ಮ ಬೇಸ್‌ಮೆಂಟಿನ ಮೆಟ್ಟಿಲು ಅವನ ಮೈದಾನವಾಯಿತು. ಹತ್ತುವುದು, ಇಳಿಯುವುದು, ಹಲ್ಲು ಕಚ್ಚಿ ಅಳುವುದು, ಮತ್ತೆ ಹತ್ತುವುದು. ಅತ್ತದ್ದನ್ನು ಮುಚ್ಚಿಡುತ್ತಿರಲಿಲ್ಲ. ನಾನೂ ಸಮಾಧಾನ ಮಾಡಲು ಹೋಗುತ್ತಿರಲಿಲ್ಲ, ರೊಟ್ಟಿ ತಟ್ಟುತ್ತಿದ್ದೆ.

ಮರುವರ್ಷ ಷಿಕಾಗೋ ಹತ್ತಿರ ಪಂದ್ಯವಿತ್ತು. ಬೆಳಿಗ್ಗೆ ಅಲ್ಲೇ ಲೆಮಾಂಟ್ ಊರಿನ ನಮ್ಮವರ ಗುಡಿಯಲ್ಲಿ ಕೈಮುಗಿದು ಮೈದಾನಕ್ಕೆ ಹೋದೆವು. ಆಟ ಮುಗಿಯಲು ಸ್ವಲ್ಪ ಹೊತ್ತಿರುವಾಗ ಕೋಚ್ ಅವನನ್ನು ಒಳಗೆ ಬಿಟ್ಟ. ಬಂದ ಕೂಡಲೇ ಎದುರು ತಂಡದ ದಢೂತಿಯೊಬ್ಬ ಅದೇ ಕಾಲಿಗೆ ಡಿಕ್ಕಿ ಹೊಡೆದ. ಹುಡುಗ ಬಿದ್ದ. ಅವನು ಎದ್ದ, ಎಡಕ್ಕೆ ನೋಡಿದ, ಬಲಕ್ಕೆ ನೋಡಿದ, ಚೆಂಡು ಕೊಡಿ ಎಂದು ಕೈ ಚಾಚಿದ. ನಾನು ಎದ್ದು ನಿಂತು, “ಸಾಕೋ! ಸಾಕು!” ಎಂದು ಕಿರುಚಿದೆ.

ಪಕ್ಕದಲ್ಲಿ ಅಲ್ಲೇ ಹತ್ತಿರದ ವುಡ್‌ರಿಡ್ಜಿನಿಂದ ಬಂದ ಬೆಂಗಳೂರಿನ ಹುಡುಗಿಯೊಬ್ಬಳು ಕೂತಿದ್ದಳು. “ಆಂಟಿ, ಯಾಕ್ ಸಾಕು ಅಂತಿದೀರ? ಈಗ ತಾನೇ ಬಂದಿದಾನೆ, ಪಾಪ!”

“ನಿನಗ ಗೊತ್ತಾಗಂಗಿಲ್ಲವಾ, ಸುಮ್ನ ಕೂಡು,” ಅಂದೆ. ಪಂದ್ಯ ಸೋತೆವು. ಅವನು ಕುಂಟದೆ ನಡೆದುಕೊಂಡೇ ಹೊರಬಂದ. ನನಗೆ ಅಷ್ಟೇ ಬೇಕಿತ್ತು.

ಕಾಂಟ್ರಾಕ್ಟ್ ಪೂರ್ತಿ ಆಡಿಯೇ ಅವನು ಊರಿಗೆ ಹೋದ. ಈಗ ಅಲ್ಲಿಯ ಸಣ್ಣ ಪಟ್ಟಣವೊಂದರ ತಂಡದಲ್ಲಿ ನಡುವಿನ ಜಾಗ ಅವನದೇ. ನನ್ನನ್ನು ತನ್ನ ತಂಡದವರಿಗೆಲ್ಲ ‘ಸಾಕು ಅಮ್ಮ’ ಎಂದು ಪರಿಚಯಿಸಿದ್ದಾನೆ. ಫೋನಿನಲ್ಲಿ ಅವರು ಹಾಗೇ ಕೂಗುತ್ತಾರೆ.

ನಾನು ಇಲ್ಲಿ ಕಾರಿನ ಬಿಡಿಭಾಗಗಳ ಆಫೀಸಿನಲ್ಲಿ ಎಂಜಿನಿಯರ್. ಕಳೆದ ತಿಂಗಳು ನನ್ನ ಬಾಸ್, ನನಗೆ ಮಗನಾಗಬಹುದಾದ ವಯಸ್ಸಿನವನು, ಕರೆದು ಕೂರಿಸಿ ಮೆತ್ತಗೆ ಹೇಳಿದ: ಬಹಳ ವರ್ಷ ದುಡಿದಿದ್ದೀರಿ, ಇನ್ನು ಹೊಸಬರಿಗೆ ಬಿಟ್ಟುಕೊಟ್ಟು ಆರಾಮಾಗಿರಬಹುದಲ್ಲ? ಹಿಂದಿನ ನಾನಾಗಿದ್ದರೆ ಬಚ್ಚಲುಮನೆಗೆ ಹೋಗಿ ಅತ್ತು, ಬ್ಯಾಗು ಕಟ್ಟಿಕೊಂಡು ಬರುತ್ತಿದ್ದೆ. ಆದರೆ ಉಗುರಿಲ್ಲದ ಆ ಎರಡು ಹೆಬ್ಬೆರಳು ಕಣ್ಣ ಮುಂದೆ ಬಂದವು. ಕುರ್ಚಿಯಲ್ಲಿ ಸರಿಯಾಗಿ ಕೂತು, “ಸಾಕು,” ಅಂದೆ.

ಹಾಗೆಂದರೇನು ಎಂದು ಕೇಳಿದ.

ನಾಳೆ ಬೆಳಿಗ್ಗೆ ಕೆಲಸಕ್ಕೆ ಬರುತ್ತೇನೆ ಎಂದು ಅರ್ಥ, ಅಂದೆ.