ಮರದ ಹಿಂದೆ ಆನೆ, ಸ್ಕೂಟರ್ ಹಿಂದೆ ಮೊಮ್ಮಗಳು

ಅರವತ್ತು ದಾಟಿದ ಮೇಲೆ ನನಗೆ ಹಿಡಿದ ಹುಚ್ಚು ಪ್ರಾಣಿಗಳ ಚಿತ್ರಪುಸ್ತಕದ್ದು. ನನ್ನ ಜೊತೆ ಆಫೀಸಿನಿಂದ ನಿವೃತ್ತರಾದವರಲ್ಲಿ ಒಬ್ಬರು ಯೋಗಕ್ಕೆ ಸೇರಿದರು, ಇನ್ನೊಬ್ಬರು ಷೇರು ಪೇಟೆಯಲ್ಲಿ ಮುಳುಗಿದರು. ನಾನು ಗಾಂಧಿ ಬಜಾರಿಗೆ ವೀಳ್ಯದೆಲೆ ತರಲು ಹೋದವನು ಪುಸ್ತಕದಂಗಡಿಗೆ ನುಗ್ಗಿ, ಮಕ್ಕಳಿಗೆಂದು ಇಟ್ಟಿದ್ದ ಗಿಡ್ಡ ಸ್ಟೂಲಿನ ಮೇಲೆ ಮಂಡಿ ಗಲ್ಲಕ್ಕೆ ತಾಗುವಂತೆ ಕೂತು, ಜಿರಾಫೆಗೆ ಗಂಟಲು ನೋವು ಬಂದ ಕತೆ ಓದಿ ಒಬ್ಬನೇ ನಗುತ್ತಿದ್ದೆ. ಅಂಗಡಿಯಾಕೆ "ಮೊಮ್ಮಕ್ಕಳಿಗಾ ಸರ್?" ಅಂತ ಕೇಳಿದರೆ ಹೂಂ ಅನ್ನುತ್ತಿದ್ದೆ. ಪೂರ್ತಿ ಸುಳ್ಳೇನಲ್ಲ.

"ಮಗೂಗೆ ತಂದಿದ್ದಾ, ನಿಮಗೆ ತಂದ್ಕೊಂಡಿದ್ದಾ?" ಅಂತ ಮನೆಯಲ್ಲಿ ನನ್ನ ಹೆಂಡತಿ ಕೇಳುತ್ತಿದ್ದಳು. ವೀಳ್ಯದೆಲೆ ಎಲ್ಲಿ ಅನ್ನುವುದು ಅವಳ ಎರಡನೆಯ ಪ್ರಶ್ನೆ.

ಮಗು ಅಂದರೆ ನಮ್ಮ ಮೊಮ್ಮಗಳು. ಐದು ವರ್ಷದವಳು. ಮಗಳು ಅಳಿಯ ಇಷ್ಟು ದಿನ ರಿಂಗ್ ರೋಡಿನ ಆಚೆ ಎಲ್ಲೋ ಹನ್ನೊಂದನೆಯ ಮಹಡಿಯಲ್ಲಿದ್ದರು. ಈ ವರ್ಷ ಮಗುವಿಗೆ ಬಸವನಗುಡಿಯಲ್ಲಿ ಸ್ಕೂಲು ಸಿಕ್ಕಿತೆಂದು ಶಂಕರಪುರದ ನಮ್ಮ ಮನೆಯ ಮಹಡಿಗೆ ಬಂದು ಇಳಿದರು. ಅವರಿಬ್ಬರೂ ಕೆಲಸಕ್ಕೆ ಹೋದರೆ ಮಧ್ಯಾಹ್ನದಿಂದ ಸಂಜೆತನಕ ಮೊಮ್ಮಗಳು ನಮ್ಮ ಪಾಲು. ಆ ಫ್ಲಾಟಿನಲ್ಲಿ ಅವಳಿಗೆ ಇದ್ದ ಬಳಗವೆಲ್ಲ ಪುಸ್ತಕದೊಳಗಿನದು. ಹಿಮಕರಡಿ ಗೊತ್ತು, ನೀರಾನೆ ಗೊತ್ತು, ಆಮೆಯ ಊಟದ ಕ್ರಮ ಗೊತ್ತು. ಪಕ್ಕದ ಮನೆಯ ಮಗು ಮಾತ್ರ ಹೇಗಿರುತ್ತದೆಂದು ಗೊತ್ತಿರಲಿಲ್ಲ. ನಮ್ಮ ರಸ್ತೆಯ ಹುಡುಗರು ಗುಂಪಾಗಿ ಕಿರುಚಿಕೊಂಡು ಓಡಿದ್ದನ್ನು ಮೊದಲ ಸಲ ನೋಡಿದಾಗ ನನ್ನ ಪಂಚೆ ಹಿಡಿದುಕೊಂಡು ಹಿಂದಕ್ಕೆ ಸರಿದಳು.

ಹಾಗಾಗಿ ದಿನಾ ಓದುವುದೇ ನಮ್ಮ ಕೆಲಸವಾಯಿತು. ಸುಮ್ಮನೆ ಓದುವವನಲ್ಲ ನಾನು. ಇಂಗ್ಲಿಷಿನ ಪುಸ್ತಕವಾದರೆ ಅಲ್ಲೇ ಕನ್ನಡ ಮಾಡುತ್ತಿದ್ದೆ. ಕರಡಿ ತನ್ನ ಕೇಕು ಬಿಟ್ಟು ಚಿತ್ರಾನ್ನ ತಿನ್ನುತ್ತಿತ್ತು, ಪೆಂಗ್ವಿನ್ನು ಶೀತಕ್ಕೆ ಮೆಣಸಿನ ಸಾರು ಕುಡಿಯುತ್ತಿತ್ತು. ಹುಲಿ ಬಂದರೆ ಎದ್ದು ನಿಂತು ಗರ್ಜಿಸುತ್ತಿದ್ದೆ. ಒಮ್ಮೆ ಪಕ್ಕದ ಮನೆಯವರು ಬಂದು ನನಗೆ ಎದೆನೋವೇನೋ ಎಂದು ಗಾಬರಿಯಿಂದ ವಿಚಾರಿಸಿದರು. ಕಷ್ಟವೇನೆಂದರೆ ಮೊಮ್ಮಗಳಿಗೆ ಭಯಂಕರ ನೆನಪಿನ ಶಕ್ತಿ. "ನಿನ್ನೆ ಕರಡಿ ಚಿತ್ರಾನ್ನ ತಿಂತು. ಇವತ್ತು ಯಾಕೆ ಪುಳಿಯೋಗರೆ?" ಅಂತ ತಡೆಯುತ್ತಿದ್ದಳು. ಕರಡಿಗೆ ಬಾಯಿ ಕೆಟ್ಟಿತ್ತು ಅಂತ ಏನೋ ಹೇಳಿ ಪಾರಾಗುತ್ತಿದ್ದೆ.

ಅವಳ ಪರಮಪ್ರಿಯ ಪುಸ್ತಕ ಒಂದು ಆನೆಮರಿಯದು. ಕಾಡಿನ ಪ್ರಾಣಿಗಳೆಲ್ಲ ಕಣ್ಣಾಮುಚ್ಚಾಲೆ ಆಡುತ್ತಿರುತ್ತವೆ. ಹೊಸದಾಗಿ ಬಂದ ಆನೆಮರಿ ನಾನೂ ಬರಲಾ ಅನ್ನುತ್ತದೆ. ಬಾ ಅನ್ನುತ್ತವೆ. ಅದು ಹೋಗಿ ಒಂದು ಬಡಕಲು ಮರದ ಹಿಂದೆ ನಿಲ್ಲುತ್ತದೆ. ಈ ಕಡೆ ಸೊಂಡಿಲು, ಆ ಕಡೆ ಇಡೀ ಆನೆ. ಆದರೂ ಯಾರಿಗೂ ಸಿಗುವುದಿಲ್ಲ. ಕೊನೆಯ ಪುಟದಲ್ಲಿ ಎಲ್ಲವೂ ಸೇರಿ ಕುಣಿಯುತ್ತವೆ. ಆ ಮರದ ಪುಟ ಬಂದರೆ ಸಾಕು, ಮೊಮ್ಮಗಳು ಹೊಟ್ಟೆ ಹಿಡಿದುಕೊಂಡು ನೆಲದ ಮೇಲೆ ಉರುಳಾಡುವಳು. ಅವಳ ಜೊತೆ ನಾನೂ. ಎದ್ದೇಳಲು ನನಗೆ ಸೋಫಾದ ಕೈ ಬೇಕಾಗುತ್ತಿತ್ತು, ಅಷ್ಟೇ ವ್ಯತ್ಯಾಸ.

ಒಂದು ಸಂಜೆ ಪುಸ್ತಕ ಮುಚ್ಚಿ ಕಿಟಕಿಯ ಸರಳು ಹಿಡಿದು ರಸ್ತೆ ನೋಡುತ್ತ, "ನಾನೂ ಬರಲಾ ಅಂತ ಕೇಳ್ಬಹುದಾ ತಾತ?" ಅಂದಳು.

ನನಗೆ ಆಕಾಶ ಮೂರೇ ಗೇಣು. ಚಪ್ಪಲಿಯನ್ನೂ ಮೆಟ್ಟದೆ ಅವಳ ಕೈ ಹಿಡಿದು ಹೊರಗೆ ಓಡಿ ಗುಂಪಿನ ನಾಯಕಿಯನ್ನು ಹಿಡಿದೆ. ಮೂಲೆಮನೆಯ ಹುಡುಗಿ, ಐದನೇ ಕ್ಲಾಸು, ಎರಡು ಜಡೆ. ಇಡೀ ರಸ್ತೆಯ ಮಕ್ಕಳು ಅವಳು ಹಾಕಿದ ಗೆರೆ ದಾಟುವುದಿಲ್ಲ. ವಿಷಯ ಹೇಳಿದೆ. ಅವಳು ನನ್ನ ಮೊಮ್ಮಗಳನ್ನು ಅಡಿಯಿಂದ ಮುಡಿಯವರೆಗೆ ನೋಡಿ, ನನ್ನನ್ನು ಪಕ್ಕಕ್ಕೆ ಕರೆದು ದನಿ ತಗ್ಗಿಸಿದಳು.

"ತುಂಬ ಚಿಕ್ಕೋಳು ತಾತ. ಔಟಾದ್ರೆ ಅಳ್ತಾಳೆ. ಆಟಕ್ಕುಂಟು ಲೆಕ್ಕಕ್ಕಿಲ್ಲ ಅಂತ ಇಟ್ಕೋತೀವಿ, ಆಯ್ತಾ?"

ನಮ್ಮೂರಿನಲ್ಲಿ ಬೆಳೆದವರಿಗೆ ಈ ಏರ್ಪಾಡು ಹೊಸದಲ್ಲ. ತೀರಾ ಚಿಕ್ಕವರನ್ನು, ಯಾರದೋ ಜೊತೆ ಬಾಲದ ಹಾಗೆ ಬಂದ ತಮ್ಮ ತಂಗಿಯರನ್ನು ಹೀಗೆ ಸೇರಿಸಿಕೊಳ್ಳುತ್ತಾರೆ. ಅವರು ಓಡಬಹುದು, ಅಡಗಬಹುದು, ಕೂಗಬಹುದು. ಕಣ್ಣೆದುರಿಗೇ ನಿಂತಿದ್ದರೂ ಅವರನ್ನು ಯಾರೂ ಹಿಡಿಯುವುದಿಲ್ಲ. ಮುಖ್ಯವಾದದ್ದು, ಇದನ್ನು ಅವರಿಗೆ ಹೇಳುವುದಿಲ್ಲ. ನಾನು ಖುಷಿಯಿಂದ ತಲೆಯಾಡಿಸಿದೆ. ಜೊತೆಗೆ ಗುಂಪಿಗೆಲ್ಲ ಒಂದು ಡಬ್ಬಿ ಕೋಡುಬಳೆಯನ್ನೂ ಹಂಚಿದೆ.

ಆಮೇಲಿನ ಸಂಜೆಗಳ ವೈಭವವನ್ನು ಏನೆಂದು ಹೇಳಲಿ. ನಮ್ಮ ಕಾಂಪೌಂಡಿನಲ್ಲಿ ನನ್ನ ಹಳೆಯ ಸ್ಕೂಟರು ನಿಂತಿದೆ. ಎಷ್ಟು ಒದ್ದರೂ ಏಳುವುದಿಲ್ಲ. ಮೊಮ್ಮಗಳು ದಿನಾ ಅದರ ಹಿಂದೆಯೇ ಅಡಗುವಳು. ಕೆಳಗೆ ಕೆಂಪು ಚಪ್ಪಲಿಯ ಎರಡು ಕಾಲು, ಮೇಲೆ ಚೆಂಡಿನಂಥ ಜುಟ್ಟು. ಹುಡುಕುವ ಹುಡುಗ ಒಂದು ಮಾರು ದೂರದಲ್ಲಿ ಬಂದು ನಿಂತು, ತೆಂಗಿನ ಮರದ ತುದಿ ನೋಡುತ್ತ, "ಎಲ್ಲಿ ಹೋದ್ಳಪ್ಪಾ ಇವಳು" ಅನ್ನುವನು. ನಾಟಕದಲ್ಲಿ ಇವನಿಗೆ ಪಾರ್ಟು ಕೊಡಬೇಕು ಅಂದುಕೊಳ್ಳುತ್ತ ನಾನು ಜಗಲಿಯ ಮೇಲೆ ಕೂತು ತುಟಿ ಕಚ್ಚಿ ನಗು ತಡೆಯುವೆ.

"ಇವತ್ತೂ ನನ್ನ ಯಾರಿಗೂ ಹಿಡಿಯೋಕಾಗ್ಲಿಲ್ಲ" ಅಂತ ಬೆವರು ಸುರಿಸಿಕೊಂಡು ಒಳಗೆ ಬರುವಳು. ರಾತ್ರಿ ಊಟಕ್ಕೆ ಕೂತಾಗ ಅವಳಪ್ಪನಿಗೆ ಅಡಗುವ ವಿದ್ಯೆಯ ಪಾಠ ನಡೆಯುತ್ತಿತ್ತು. ಉಸಿರು ಬಿಗಿ ಹಿಡಿಯಬೇಕಂತೆ, ಕಣ್ಣು ಮುಚ್ಚಬೇಕಂತೆ. ಅವಳು ಹೇಳಿದ್ದಕ್ಕೆಲ್ಲ ನಾನು ಭೇಷ್ ಭೇಷ್ ಅನ್ನುತ್ತಿದ್ದೆ.

"ಎಷ್ಟು ದಿನ ನಡಿಯುತ್ತೆ ರೀ ಇದು?" ಅಂತ ಹೆಂಡತಿ ಅಡುಗೆಮನೆಯಲ್ಲಿ ಕೇಳಿದಳು.

"ನಿನಗೆ ಎಲ್ಲದರಲ್ಲೂ ಹುಳುಕು" ಅಂತ ರೇಗಿದೆ. ಸಂತೋಷವಾಗಿದ್ದಾಗ ಯಾರಾದರೂ ಸರಿಯಾದ ಪ್ರಶ್ನೆ ಕೇಳಿದರೆ ನನಗೆ ಮೂಗಿನ ತುದಿಯಲ್ಲೇ ಕೋಪ.

ಅದು ನಡೆದದ್ದು ಹೆಚ್ಚೆಂದರೆ ಹತ್ತು ದಿನ. ಒಂದು ಭಾನುವಾರ ಬೆಳಗ್ಗೆ ಆನೆಯ ಪುಸ್ತಕ ಮತ್ತೆ ಹೊರಬಂತು. ಮರದ ಪುಟ ಬಂತು. ನಾನು ಉರುಳಲು ಸಿದ್ಧನಾದೆ. ಅವಳು ನಗಲಿಲ್ಲ. ಬೆರಳು ಪುಟದ ಮೂಲೆಗೆ ಹೋಗಿ ಒಂದು ಮೊಲದ ಮೇಲೆ ನಿಂತಿತು.

"ಮೊಲ ನೋಡ್ತಿದೆ ತಾತ."

"ಎಲ್ಲಿ?"

"ಇಲ್ಲಿ. ಆನೇನೇ ನೋಡ್ತಿದೆ. ಬಾಯಿ ಮೇಲೆ ಕೈ ಇಟ್ಕೊಂಡಿದೆ. ಮತ್ತೆ ಯಾಕೆ ಹೇಳ್ಲಿಲ್ಲ?"

"ಆನೆಗೆ ಬೇಜಾರಾಗುತ್ತೆ ಅಂತ" ಅಂದುಬಿಟ್ಟೆ. ಬಾಯಿಗೆ ಬೀಗ ಇಲ್ಲದವನು.

ಮೊಲದ ಮೇಲಿನ ಬೆರಳು ತೆಗೆದಳು. ಆಮೇಲೆ ನನ್ನ ಮುಖವನ್ನೇ ನೋಡುತ್ತ, "ಸ್ಕೂಟರ್ ಹಿಂದೆ ನನ್ನ ಕಾಲು ಕಾಣುತ್ತಾ?" ಅಂದಳು.

ಕನ್ನಡಕ ತೆಗೆದೆ, ಒರೆಸಿದೆ, ಹಾಕಿಕೊಂಡೆ. ಮತ್ತೆ ತೆಗೆದೆ. ಆ ಮೊಲಕ್ಕೆ ಕಣ್ಣು ಬರೆದ ಕಲಾವಿದ ಎದುರಿಗೆ ಸಿಕ್ಕಿದ್ದರೆ ಅವನಿಗೆ ಗ್ರಹಚಾರ ಬಿಡಿಸುತ್ತಿದ್ದೆ. ಒಳಗಿನಿಂದ ಹೆಂಡತಿಯ ದನಿ ಬಂತು. "ನಿಜ ಹೇಳ್ಬಿಡಿ."

ಹೇಳಿದೆ. ಆಟಕ್ಕುಂಟು, ಲೆಕ್ಕಕ್ಕಿಲ್ಲ ಅಂದರೆ ಏನೆಂದು ವಿವರಿಸಿದೆ. ಅಳುತ್ತಾಳೆಂದುಕೊಂಡಿದ್ದೆ. ಅಳಲಿಲ್ಲ. ಪುಸ್ತಕವನ್ನು ದಿಂಬಿನ ಕೆಳಗೆ ಹಾಕಿ, ದಿಂಬಿನ ಮೇಲೆ ತಾನು ಕೂತಳು. ಮಧ್ಯಾಹ್ನದ ತನಕ ಏಳಲಿಲ್ಲ.

ಆ ಸಂಜೆ ಹೊರಗೆ ಹೋಗಲಿಲ್ಲ. ಮರುದಿನವೂ ಇಲ್ಲ. ಕಿಟಕಿಯಲ್ಲಿ ನಿಂತಿದ್ದಳು. ರಸ್ತೆಯಲ್ಲಿ ಆಟ ಎಂದಿನ ಹಾಗೇ ನಡೆಯಿತು. ಅದೇ ಓಟ, ಅದೇ ಗಲಾಟೆ. ಒಬ್ಬರೂ ಗೇಟಿನ ಹತ್ತಿರ ಬಂದು ಅವಳೆಲ್ಲಿ ಅಂತ ಕೇಳಲಿಲ್ಲ. ಕೆಟ್ಟ ಮಕ್ಕಳಲ್ಲ ಅವರು. ಅವಳಿಲ್ಲದಿದ್ದರೆ ಅವರ ಆಟದಲ್ಲಿ ಏನೂ ಕಡಿಮೆಯಾಗುತ್ತಿರಲಿಲ್ಲ, ಅಷ್ಟೇ. ಅದನ್ನು ನೋಡಲಾರದೆ ಇನ್ನೊಂದು ಡಬ್ಬಿ ಕೋಡುಬಳೆ ತೆಗೆದುಕೊಂಡು ಹೊರಟವನನ್ನು ಹೆಂಡತಿ ತಡೆದು ಡಬ್ಬಿ ಕಿತ್ತಿಟ್ಟಳು.

ಮೂರನೆಯ ಸಂಜೆ ಮೊಮ್ಮಗಳೇ ಚಪ್ಪಲಿ ಹಾಕಿಕೊಂಡಳು. "ನನ್ನ ಜೊತೆ ಬಾ. ಮಾತಾಡ್ಬೇಡ" ಅಂತ ನನ್ನ ಕೈ ಹಿಡಿದು ಎಳೆದುಕೊಂಡು ಹೋಗಿ ಎರಡು ಜಡೆಯವಳ ಮುಂದೆ ನಿಂತಳು.

"ನಂಗೂ ಔಟ್ ಆಗ್ಬೇಕು."

ನಾಯಕಿ ನನ್ನ ಕಡೆ ನೋಡಿದಳು. ನಾನು ತೆಂಗಿನ ಮರ ನೋಡಿದೆ.

"ಮೊದಲು ಸಿಕ್ಕಿದೋರು ಮುಂದಿನ ಸಲ ಎಲ್ಲರನ್ನೂ ಹುಡುಕ್ಬೇಕು. ಬರುತ್ತಾ ನಿಂಗೆ?"

"ಹೂಂ."

"ಅಳಂಗಿಲ್ಲ."

"ಹೂಂ."

"ತಾತ ಜಗಲಿ ಮೇಲಿಂದ ಸನ್ನೆ ಮಾಡಂಗಿಲ್ಲ. ತಾತ ಒಳಗಿರ್ಬೇಕು."

ನಾನು ಬಾಯಿ ತೆರೆಯುವ ಮೊದಲೇ ಮೊಮ್ಮಗಳು ಅದಕ್ಕೂ ಹೂಂ ಅಂದಳು. ನನ್ನ ಮನೆಯ ಜಗಲಿಯಿಂದ ನನ್ನನ್ನೇ ಗಡಿಪಾರು ಮಾಡಿದರು. ಒಳಗೆ ಹೋಗಿ ಪೇಪರ್ ಹಿಡಿದು ಕೂತೆ. ಹೆಂಡತಿ ಮಾತ್ರ ಕಿಟಕಿಯ ಪಕ್ಕ ಸೊಪ್ಪು ಬಿಡಿಸುವ ನೆವದಲ್ಲಿ ನಿಂತಳು. ಅವಳಿಗೆ ಯಾರೂ ನಿಷೇಧ ಹಾಕಿರಲಿಲ್ಲ.

"ಎಲ್ಲಿ ಹೋದ್ಲು?"

"ಸ್ಕೂಟರ್ ಹಿಂದೆ."

"ಅಯ್ಯೋ, ಅಲ್ಲಿಗೇ ಯಾಕೆ ಹೋದ್ಲು? ಕಾಲು?"

"ಕಾಣ್ತಿದೆ."

"ಎರಡೂನಾ?"

"ಎರಡೂ. ಸುಮ್ನಿರಿ, ಆ ಹುಡುಗ ಬಂದ."

ಪೇಪರ್ ತಲೆಕೆಳಗಾಗಿತ್ತು, ನನಗೆ ಗೊತ್ತಾದದ್ದು ಆಮೇಲೆ. ಹೊರಗೆ ಹುಡುಗನ ದನಿ, "ಸಿಕ್ಕಿದ್ಳು, ಸ್ಕೂಟರ್ ಹಿಂದೆ, ಔಟ್." ಆಮೇಲೆ ಏನೂ ಕೇಳಲಿಲ್ಲ.

"ಅಳ್ತಿದಾಳಾ?"

"ತಡೀರಿ."

ತಡೆಯುವುದೆಲ್ಲಿಂದ ಬಂತು. ಎದ್ದು ಬಾಗಿಲಿಗೆ ಹೋಗುವಷ್ಟರಲ್ಲಿ ಮೊಮ್ಮಗಳು ದಡದಡ ಅಂತ ಮೆಟ್ಟಿಲು ಹತ್ತಿ ಬಂದು ನನ್ನ ಹೊಟ್ಟೆಗೆ ಗುದ್ದಿಕೊಂಡಳು. ಮುಖ ಬೆಂಕಿಯ ಹಾಗೆ ಕೆಂಪಾಗಿತ್ತು. "ತಾತ, ನಾನು ಔಟ್! ಅಜ್ಜಿ, ಔಟ್ ಮಾಡಿದ್ರು ನನ್ನ!"

ನನ್ನ ಹೆಂಡತಿ ಸೊಪ್ಪಿನ ಸಮೇತ ಕುಣಿದಳು. ಮದುವೆಯಾಗಿ ಇಷ್ಟು ವರ್ಷವಾದರೂ ಅವಳು ಕುಣಿದದ್ದನ್ನು ನಾನು ನೋಡಿರಲಿಲ್ಲ. ನಾನೂ ಸೇರಿದೆ. ಹಾಲಿನ ತುಂಬ ದಂಟಿನ ಸೊಪ್ಪು. ಪಕ್ಕದ ಮನೆಯವರು ಕಾಂಪೌಂಡಿನ ಮೇಲಿಂದ ತಲೆ ಎತ್ತಿ, ಏನು ವಿಶೇಷ, ಲಾಟರಿ ಹೊಡೀತಾ ಅಂದರು. ನಮ್ಮ ಮೊಮ್ಮಗಳು ಔಟಾದಳು ಅಂದೆ. ಅವರಿಗೆ ಅರ್ಥವಾಗಲಿಲ್ಲ. ವಿವರಿಸಲು ನನಗೆ ಪುರುಸೊತ್ತಿರಲಿಲ್ಲ.

ಈಗ ಹುಡುಕುವ ಸರದಿ ಅವಳದು. ನಾನೂ ಹೆಂಡತಿಯ ಪಕ್ಕ ಕಿಟಕಿಯಲ್ಲಿ ಇಣುಕಿದೆ. ಗೋಡೆಗೆ ಮುಖ ಒತ್ತಿ ಜೋರಾಗಿ ಎಣಿಸಲು ಶುರು ಮಾಡಿದಳು. ಹದಿಮೂರರವರೆಗೆ ಸರಿಯಾಗಿ ಬಂದು ಅಲ್ಲಿಂದ ಹದಿನೇಳಕ್ಕೆ ಹಾರಿದಳು. ಎದುರುಮನೆಯ ನೀರಿನ ಡ್ರಮ್ಮಿನ ಹಿಂದಿನಿಂದ ಒಂದು ಸಿಟ್ಟಿನ ದನಿ ಬಂತು, "ಹದಿನಾಲ್ಕು ಎಲ್ಲಿ ಹೋಯ್ತು?" ಎಷ್ಟಾದರೂ ನಾಯಕಿ, ತಪ್ಪು ಕಂಡರೆ ಸುಮ್ಮನಿರಲು ಅವಳಿಂದ ಆಗುವುದಿಲ್ಲ. ಮೊಮ್ಮಗಳು ಇಪ್ಪತ್ತು ಮುಗಿಸಿ, ಅಕ್ಕಪಕ್ಕ ನೋಡದೆ, ನೆಟ್ಟಗೆ ಡ್ರಮ್ಮಿನ ಹತ್ತಿರ ಹೋದಳು. ಎರಡು ಜಡೆಯವಳು ಕೂದಲಲ್ಲಿ ಜೇಡರ ಬಲೆ ಮೆತ್ತಿಕೊಂಡು ಹೊರಗೆ ಬಂದಾಗ ಇಡೀ ರಸ್ತೆ ಅಡಗಿದ್ದ ಜಾಗ ಬಿಟ್ಟು ನಗಲು ಬಂತು. ಹಾಗೆ ಬಂದವರನ್ನೆಲ್ಲ ಮೊಮ್ಮಗಳು ಒಬ್ಬೊಬ್ಬರನ್ನೇ ಮುಟ್ಟಿ ಔಟ್ ಮಾಡಿದಳು.

ಮಾರನೆಯ ದಿನ ನಮ್ಮ ನೆಂಟರ ಮನೆಯ ಆರತಕ್ಷತೆ. ಮಗಳು ಅಳಿಯ ಆಫೀಸಿನಿಂದ ನೇರ ಛತ್ರಕ್ಕೆ ಬರುವವರು. ಮೊಮ್ಮಗಳಿಗೆ ಹಸಿರು ರೇಷ್ಮೆ ಲಂಗ ಹಾಕಿ, ತಲೆಗೆ ಹೂವು ಮುಡಿಸಿ ಕೂರಿಸಿದ್ದೆವು. ನಾನು ಇಸ್ತ್ರಿ ಮಾಡಿದ ಪಂಚೆಯಲ್ಲಿ ಆಟೋ ಬರುವುದನ್ನು ಕಾಯುತ್ತಿದ್ದೆ. ಗೇಟಿನ ಚಿಲಕ ಕಟಕಟ ಅಂದಿತು. ಎರಡು ಜಡೆಯವಳು, ಹಿಂದೆ ಇಡೀ ದಂಡು.

"ಅವಳನ್ನ ಕಳ್ಸಿ ತಾತ."

"ಇವತ್ತಾಗಲ್ಲಮ್ಮ. ಛತ್ರಕ್ಕೆ ಹೋಗ್ಬೇಕು. ನೀವು ಆಡ್ಕೊಳ್ಳಿ."

ಅವಳು ಹಿಂದೆ ತಿರುಗಿ ತನ್ನ ದಂಡನ್ನು ನೋಡಿದಳು. ಮುಖ ಸಪ್ಪಗಾಯಿತು.

"ಅವಳಿಲ್ದೆ ಒಬ್ರು ಕಮ್ಮಿ ಆಗ್ತಾರಲ್ಲ ತಾತ."

ನಾನು ಒಳಗೆ ಹೋಗಿ, ಎರಡನೆಯ ಪಂಕ್ತಿಗೆ ಊಟಕ್ಕೆ ಕೂತರಾಯಿತು ಅಂತ ಹೆಂಡತಿಗೆ ಹೇಳಿ, ಆಟೋದವನಿಗೆ ಫೋನ್ ಮಾಡಿ ಒಂದು ಗಂಟೆ ಬಿಟ್ಟು ಬಾರಪ್ಪ ಅಂದೆ. ಮೊಮ್ಮಗಳು ಅಷ್ಟರಲ್ಲಿ ರೇಷ್ಮೆ ಲಂಗವನ್ನು ಮಂಡಿಯ ಮೇಲಕ್ಕೆ ಎತ್ತಿ ಸಿಕ್ಕಿಸಿಕೊಂಡು ಗೇಟು ದಾಟಿಯಾಗಿತ್ತು.